ಬೆಟ್ಟಕ್ಕೆ ತಂಪೆರೆದ ಸಂಜೆ

ನಾನು ಹೈಸ್ಕೂಲಿನಲ್ಲಿ ಭೂಗೋಳ ಕಲಿಸುತ್ತೇನೆ. ಜ್ವಾಲಾಮುಖಿಯ ಪಾಠ ಬಂದಾಗ ಮರುಭೂಮಿಯ ಒಂದು ಪ್ರಸ್ಥಭೂಮಿಯ ಚಿತ್ರ ತೋರಿಸುವುದು ರೂಢಿ. ಮರವಿಲ್ಲದ ಕಪ್ಪು ಬಯಲು, ಅದರ ಮೇಲೆ ಅಲ್ಲಲ್ಲಿ ಸಣ್ಣ ಗುಡ್ಡಗಳು. ನೆಲದ ಬಾಯಿಂದ ಚಿಮ್ಮಿದ ಕೆಂಡದ ಚೂರುಗಳು ಸುತ್ತಲೂ ಬಿದ್ದು, ಆರಿ, ಕಣದಲ್ಲಿ ರಾಗಿ ರಾಶಿ ಕೂತ ಹಾಗೆ ಕೂತಿವೆ. ನೆತ್ತಿಯಲ್ಲಿ ಮಾತ್ರ ಬಟ್ಟಲಿನಂಥ ತಗ್ಗು. ಆ ರಾಶಿಗಳನ್ನು ಭೂಮಿ ಮಾಡಿತು. ನಮ್ಮೂರ ಹಿಂದಿನ ಬೂದು ಜಲ್ಲಿ ರಾಶಿಗಳನ್ನು ಕಲ್ಲು ಒಡೆಯುವ ಕ್ರಷರ್ ಮಾಡಿತು. ಇಷ್ಟು ವ್ಯತ್ಯಾಸ ಯಾರಿಗಾದರೂ ಹೇಳಬಹುದು ಎಂದುಕೊಂಡಿದ್ದೆ.

ನಮ್ಮೂರು ಶಿಡ್ಲಘಟ್ಟದ ಕಡೆ. ಅತ್ತೆ ರೇಷ್ಮೆಹುಳು ಸಾಕುತ್ತಾರೆ. ಆ ಭಾನುವಾರ ಹುಳುಗಳು ನಾಲ್ಕನೇ ಜ್ವರಕ್ಕೆ ಕೂತಿದ್ದವು. ಪೊರೆ ಬಿಡುವ ಮುಂಚೆ ಹುಳು ಸೊಪ್ಪು ತಿನ್ನುವುದು ಬಿಟ್ಟು, ತಲೆಯೆತ್ತಿ, ಅಲುಗದೆ ಕೂರುವುದನ್ನು ನಾವು ಜ್ವರ ಅನ್ನುತ್ತೇವೆ. ಆಗ ಹುಳುವಿನ ತಟ್ಟೆ ಮುಟ್ಟುವಂತಿಲ್ಲ. ಅತ್ತೆ ಮಿಕ್ಸಿ ಹಾಕಲೂ ಬಿಡುವುದಿಲ್ಲ.

ಬೆಳಿಗ್ಗೆ ಕ್ರಷರಿನವರು ಬೆಟ್ಟದಲ್ಲಿ ಬಂಡೆ ಸಿಡಿಸಿದರು. ಗೋಡೆ ನಡುಗಿತು. ತಟ್ಟೆಗಳು ಒಂದಕ್ಕೊಂದು ಬಡಿದು ಹುಳುಗಳು ನೆಲಕ್ಕೆ ಉದುರಿದವು. ಅತ್ತೆ ಒಂದೊಂದನ್ನೇ ಅಂಗೈಗೆ ಎತ್ತಿಕೊಂಡರು. ಜ್ವರದಲ್ಲಿ ಹಿಡಿತ ತಪ್ಪಿದ ಹುಳು ಪೊರೆ ಕಳಚಲಾರದೆ ಸಾಯುತ್ತದೆ.

"ಇನ್ನೊಂದು ಸಲ ಹಿಂಗೇ ಆದ್ರೆ ಒಂದೂ ಉಳಿಯಲ್ಲ ಕಣಮ್ಮ. ನಾಳೆ ಮಧ್ಯಾಹ್ನಕ್ಕೆ ಜ್ವರ ಬಿಟ್ಟು ಏಳ್ತವೆ. ಅಲ್ಲೀ ತನಕ ಸುಮ್ನಿದ್ರೆ ಸಾಕು" ಅಂದರು.

ಅರಳಿಕಟ್ಟೆಯಲ್ಲಿ ಜನ ಸೇರಿದ್ದರು. ಕ್ರಷರಿನ ಸೂಪರ್‌ವೈಸರ್ ಮೊಬೈಲಿನಲ್ಲಿ ಬೆಂಕಿ ಉಗುಳುವ ಬೆಟ್ಟದ ವಿಡಿಯೊ ತೋರಿಸುತ್ತಿದ್ದ.

"ನೋಡ್ರಪ್ಪ, ಒಳಗೆ ಹಿಂಗೇ ಕುದೀತೈತೆ. ನಾವು ಇಟ್ಟಿದ್ದು ಇಷ್ಟೇ ಇಷ್ಟು ಮದ್ದು. ಅದಕ್ಕೆಲ್ಲಾ ಊರು ನಡುಗ್ತದಾ? ಬೆಟ್ಟದಮ್ಮನಿಗೆ ಶಾಖ ಆಗೈತೆ. ತಂಪೆರೀರಿ. ಮೊಸರು ನಾವೇ ತರಿಸಿಕೊಡ್ತೀವಿ."

"ಇದು ಗ್ರಾನೈಟ್ ಬೆಟ್ಟ, ಜ್ವಾಲಾಮುಖಿ ಅಲ್ಲ. ನಡುಗಿಸಿದ್ದು ನಿಮ್ಮ ಮದ್ದು" ಅಂದೆ.

"ಮೇಡಂ, ನೀವು ಜ್ವಾಲಾಮುಖಿ ಕಣ್ಣಾರೆ ಕಂಡಿದೀರಾ?"

"ಇಲ್ಲ."

"ಮತ್ತೆ!"

ಎಲ್ಲರೂ ನಕ್ಕರು. ಪಕ್ಕದ ಮನೆಯಾಕೆ, "ಬಿಡಮ್ಮ, ಬೆಟ್ಟ ಉಗುಳಿದ್ರೆ ಬುಕ್ಕು ಅಡ್ಡ ಹಿಡೀತೀಯಾ?" ಅಂದರು.

ಮೈಮೇಲೆ ಅಮ್ಮ ಎದ್ದಾಗ ಬೇವು, ಅರಿಶಿನ, ಮೊಸರಿನಲ್ಲಿ ತಂಪು ಕಂಡು ಬೆಳೆದವರು ನಾವು. ನನಗೂ ಎರೆದಿದ್ದಾರೆ. ಆ ನಂಬಿಕೆಯ ಮೇಲೆ ನನಗೆ ಸಿಟ್ಟಿಲ್ಲ. ಅದನ್ನು ಎತ್ತಿಕೊಂಡು ತನ್ನ ಮದ್ದಿಗೆ ಮುಸುಕು ಹಾಕಿದವನ ಮೇಲೆ ಇದೆ. ಇವತ್ತಿಗೂ ಇಳಿದಿಲ್ಲ.

ಸಂಜೆ ಹೆಂಗಸರು ಕೊಡ ಹೊತ್ತು ಹೊರಟರು. ಅತ್ತೆಯೂ ಹೊರಟರು. ನಾನು ಹಿಂದೆ ಹೋದೆ. ಬಂಡೆಯ ಮೇಲೆ ಮದ್ದು ತುಂಬಲು ಕೊರೆದ ತೂತುಗಳು ಸಾಲಾಗಿದ್ದವು. ಅತ್ತೆ ಕೊಡ ಬಗ್ಗಿಸಿದರು. ಮೊಸರು ನೀರು ಹರಿದು ಮೊದಲ ತೂತಿಗೆ ಇಳಿಯಿತು.

ಸೂಪರ್‌ವೈಸರ್ ಓಡಿಬಂದ. "ಅಜ್ಜೀ, ಅಲ್ಲಿ ಬೇಡ! ಬೆಳಿಗ್ಗೆ ಅದಕ್ಕೆ ಮದ್ದು ತುಂಬಬೇಕು!"

ಅತ್ತೆ ಅವನನ್ನು ನೋಡಿದರು.

"ಒಳಗೇ ಕುದೀತೈತೆ ಅಂದ್ಯಲ್ಲಪ್ಪ. ಮೇಲೆ ಹುಯ್ದರೆ ಒಳಗೆ ಹೆಂಗೆ ತಂಪಾಗ್ತದೆ?"

ಅಷ್ಟು ಹೇಳಿ ಕೊಡವನ್ನು ಪೂರ್ತಿ ಅದೇ ತೂತಿಗೆ ಬಗ್ಗಿಸಿದರು. ಪಕ್ಕದ ಮನೆಯಾಕೆ ಎರಡನೆಯದಕ್ಕೆ ಸುರಿದರು. ಆಮೇಲೆ ಒಬ್ಬೊಬ್ಬರೇ ಬಂದು ಉಳಿದವಕ್ಕೂ ಸುರಿದು, ಬೇವಿನ ಸೊಪ್ಪನ್ನೂ ಬಿಡದೆ ತುರುಕಿದರು. ಅವನು ಬಯ್ದ, ಬೇಡಿಕೊಂಡ. ಅವನು ತರಿಸಿದ್ದ ಮೊಸರೇ ಅದು.

ತೂತುಗಳು ಒದ್ದೆಯಾಗಿ ಮದ್ದು ತುಂಬಲಾಗದೆ ಬೆಳಿಗ್ಗೆ ಬಂಡೆ ಸಿಡಿಯಲಿಲ್ಲ. ಮಧ್ಯಾಹ್ನದ ಹೊತ್ತಿಗೆ ತಟ್ಟೆಗಳಲ್ಲಿ ಉಳಿದಿದ್ದ ಹುಳುಗಳು ಪೊರೆ ಕಳಚಿ ಸೊಪ್ಪಿಗೆ ತಲೆ ಆಡಿಸಿದವು. ನೆಲಕ್ಕೆ ಬಿದ್ದಿದ್ದವು ಏಳಲಿಲ್ಲ. ಅವನ್ನು ಅತ್ತೆ ಮೊರದಲ್ಲಿ ತುಂಬಿ ತಿಪ್ಪೆಗೆ ಒಯ್ದರು.

ಮರುದಿನ ಮತ್ತೆ ಸಿಡಿಸಿದರು. ತಟ್ಟೆ ನಡುಗಿತು. ಈ ಸಲ ಹುಳುಗಳು ಸೊಪ್ಪು ಕಚ್ಚಿ ಹಿಡಿದಿದ್ದವು, ಒಂದೂ ಉದುರಲಿಲ್ಲ.