ಸೆರ್ಕೊನ ಚಳಿಗಾಲ ಬಿಡಿಸುವ ಹದ್ನೆ

ಜೂನ್‌ ತಿಂಗಳಲ್ಲಿ ಈ ಟುಂಡ್ರಾದಲ್ಲಿ ಸೂರ್ಯ ಮುಳುಗುವುದೇ ಇಲ್ಲ. ಬೆಳಗಾಯಿತು ಎಂದು ಹದ್ನೆ ವಿಲ್ಕಾ ಅವರನ್ನು ಎಬ್ಬಿಸುವುದು ನಾಯಿಗಳು. ಇವತ್ತು ಚಹಾ ಕುದಿಯುವ ಮೊದಲೇ ಅವರು ಡೇರೆಯ ಹೊರಗೆ ಹಿಂಡು ಕಾಯುವ ನಾಯಿ ಸೆರ್ಕೊನನ್ನು ಮೊಣಕಾಲುಗಳ ನಡುವೆ ಇರುಕಿಸಿಕೊಂಡು ಕೂತಿದ್ದಾರೆ. ಹಿಮಸಾರಂಗದ ಕೊಂಬಿನ ಬಾಚಣಿಗೆಯನ್ನು ಒಮ್ಮೆ ಎಳೆದರೆ ಸಾಕು, ಚಳಿಗಾಲದ ಒಳತುಪ್ಪಳ ಕಂತೆ ಕಂತೆಯಾಗಿ ಬರುತ್ತದೆ. ಹುಬ್ಬು, ತುಟಿ, ಲೋಟ, ಎಲ್ಲೆಲ್ಲೂ ಬಿಳಿ ಕೂದಲು!

ಆತುರಕ್ಕೆ ಕಾರಣವಿದೆ. ಇವತ್ತು ಹಿಂಡು ಹೊಳೆ ದಾಟಬೇಕು. ಸಾರಂಗಗಳನ್ನು ನೀರಿಗಿಳಿಸುವವನು ಸೆರ್ಕೊ. ಗಂಟುಗಟ್ಟಿದ ತುಪ್ಪಳ ನೀರು ಕುಡಿದರೆ ನಾಯಿ ಕಲ್ಲಿನಷ್ಟು ಭಾರ. "ಹೋದ ವರ್ಷ ನಂಗೆ ಜ್ವರ, ಇವನಮ್ಮನ್ನ ಬಾಚೋಕಾಗ್ಲಿಲ್ಲ. ನಡುನೀರಲ್ಲೇ ಮುಳುಗಿಹೋದ್ಲು," ಎನ್ನುತ್ತಾರೆ ಹದ್ನೆ. ಬಾಚುವ ಕೈ ಮಾತ್ರ ನಿಲ್ಲುವುದಿಲ್ಲ.

ಮೈದುನ ಯಾವ್ಕೊ ಹಗ್ಗ ಸುತ್ತುತ್ತಾ ಬರುತ್ತಾನೆ. "ಅತ್ತಿಗೆ, ಕತ್ತರಿ ತರ್ಲಾ? ಚಕಚಕ ಅಂತ ಬೋಳಿಸಿಬಿಡು."

"ಬೋಳಿಸ್ತೀನಪ್ಪ. ಸೊಳ್ಳೆ ಮುತ್ತಿದಾಗ ನಿನ್ನ ಅಂಗಿ ಬಿಚ್ಚಿ ಇವನಿಗೆ ತೊಡಿಸ್ತೀಯಾ?"

ಯಾವ್ಕೊ ಪೆಚ್ಚಾಗಿ ನಗುತ್ತಾನೆ.

ಬೇಸಿಗೆ ಬಂತೆಂದರೆ ಎಲ್ಲ ಡೇರೆಗಳ ನಾಯಿಗಳೂ ಹದ್ನೆಯವರ ಪಾಲಿಗೇ. ಹಬ್ಬದಲ್ಲಿ ಹಿಂಡು ಕಾಯುವವರಿಗೆ ಚಪ್ಪಾಳೆ ಬೀಳುತ್ತದೆ, ನಾಯಿ ಬಾಚುವವರ ಹೆಸರನ್ನು ಯಾರೂ ಎತ್ತಿದ್ದಿಲ್ಲ. ಬೆರಳ ಗಿಣ್ಣುಗಳು ಊದಿವೆ, ಮುಂಗೈಯಲ್ಲಿ ಹಲ್ಲಿನ ಗುರುತುಗಳಿವೆ. ಸೆರ್ಕೊ ಅಂತೂ ಹಿಂಗಾಲು ಮುಟ್ಟಿದರೆ ಗುರ್ ಎನ್ನುವ ಪುಂಡ. ಹದ್ನೆ ಅವನ ಮುಖವನ್ನು ಹಿಂಡಿನ ಕಡೆ ತಿರುಗಿಸುತ್ತಾರೆ, ಅಷ್ಟೇ. "ಸಾರಂಗ ಕಂಡ್ರೆ ಇವನಿಗೆ ಮೈಮೇಲೆ ಪ್ರಜ್ಞೆ ಇರಲ್ಲ," ಎಂದು ನಗುತ್ತಾ ಎಡತೊಡೆ ಮುಗಿಸಿ ಬಲತೊಡೆಗೆ ಬಾಚಣಿಗೆ ಹಾಕುತ್ತಾರೆ.

ಅಷ್ಟರಲ್ಲಿ ಹೊಳೆಯ ಕಡೆಯಿಂದ ಕೂಗು. ಮುಂದಿನ ಸಾರಂಗಗಳು ತಾವಾಗಿಯೇ ನೀರಿಗಿಳಿದಿವೆ, ಹಿಂದಿನವು ಬೆದರಿ ಚದುರುತ್ತಿವೆ! ಸೆರ್ಕೊ ಹದ್ನೆಯವರನ್ನು ಕೆಡವಿ ಒಂದೇ ನೆಗೆತಕ್ಕೆ ಓಡುತ್ತಾನೆ. ಬಲತೊಡೆಯ ಗಂಟಿನಲ್ಲಿ ಬಾಚಣಿಗೆ ಸಿಕ್ಕಿಕೊಂಡೇ ಇದೆ. ಅದು ಅವರ ತಾಯಿಯದು, ಆದರೆ ಈಗ ಅದರ ಚಿಂತೆ ಯಾರಿಗೆ!

"ಒಂದು ತೊಡೆ ಬಾಕಿ ಇದೆ ಕಣೋ! ತಡೀರೋ ಅವನನ್ನ!"

ಯಾರು ತಡೆಯುತ್ತಾರೆ? ಸೆರ್ಕೊ ಚದುರಿದವನ್ನೆಲ್ಲ ಬೊಗಳಿ ಬೊಗಳಿ ಒಟ್ಟುಮಾಡಿ ನೀರಿಗೆ ನೂಕುತ್ತಾನೆ, ಹಿಂದೆಯೇ ತಾನೂ ಧುಮುಕುತ್ತಾನೆ. ನಡುಹೊಳೆಯಲ್ಲಿ ಸೆಳವು ಅವನನ್ನು ಪಕ್ಕಕ್ಕೆ ಎಳೆಯುತ್ತದೆ, ತಲೆ ಮರೆಯಾಗುತ್ತದೆ. ಹದ್ನೆ ಎರಡೂ ಕೈಯಲ್ಲಿ ತುಪ್ಪಳದ ಕಂತೆ ಅವುಚಿಕೊಂಡು ನಿಂತುಬಿಡುತ್ತಾರೆ. ಆಮೇಲೆ ತಲೆ ಮೇಲೇಳುತ್ತದೆ. ಬಾಚಿದ ಹಗುರ ಬೆನ್ನೂ ಮೇಲೇಳುತ್ತದೆ. ದಡದ ತುಂಬ ಕೇಕೆಯೋ ಕೇಕೆ!

ದೋಣಿಯಲ್ಲಿ ಆಚೆ ದಡ ಸೇರಿದ ಹದ್ನೆ, ನೀರು ಕೊಡವುತ್ತಿರುವ ಸೆರ್ಕೊನ ಕತ್ತು ತಬ್ಬಿಕೊಂಡು ಅಳುತ್ತಾರೆ, ನಗುತ್ತಾರೆ. ಬಾಚಣಿಗೆ ಇನ್ನೂ ಬಲತೊಡೆಯ ಗಂಟಿನಲ್ಲೇ ಇದೆ.

"ಅತ್ತಿಗೆ, ಈ ಸಲ ಹಬ್ಬದಲ್ಲಿ ನಿನ್ನ ಹೆಸರೇ ಕೂಗಿಸ್ತೀನಿ," ಎನ್ನುತ್ತಾನೆ ಯಾವ್ಕೊ. "ಏನ್ ಬೇಕು ಹೇಳು."

ಹದ್ನೆ ನಾಯಿಯ ಮುಖವನ್ನು ಹಿಂಡಿನ ಕಡೆ ತಿರುಗಿಸಿ ಬಾಚಣಿಗೆ ಹಿಡಿಯುತ್ತಾರೆ.

"ಹೆಸರು ಗಿಸರು ಏನೂ ಬೇಡಪ್ಪ. ಮುಂದಿನ ವರ್ಷ, ಒಂದು ತೊಡೆ ಬಾಚೋವಷ್ಟು ಹೊತ್ತು ಹಿಂಡನ್ನ ಹಿಡ್ಕೊಂಡಿರಿ. ಸಾಕು."