ಬಾಗಿಲಾಚೆ ಕುಳಿತ ಮೇಡಂ

ಕಾನೂನು ಶಿಕ್ಷಣದ ಕ್ಷೇತ್ರದಲ್ಲಿ ಹೆಸರು ಮಾಡಿದವರು ಹಲವು ಬಗೆ. ದಪ್ಪ ಗ್ರಂಥಗಳನ್ನು ಬರೆದವರಿದ್ದಾರೆ, ಆಯೋಗಗಳಲ್ಲಿ ಕುಳಿತು ವರದಿ ಒಪ್ಪಿಸಿದವರಿದ್ದಾರೆ, ಯಾವ ಸಭೆಗೆ ಹೋದರೂ ಮೊದಲ ಸಾಲಿನ ಕುರ್ಚಿ ತಮ್ಮದೇ ಎಂದು ನಂಬಿದವರೂ ಇದ್ದಾರೆ. ಈ ಅಭಿನಂದನ ಸಂಪುಟ ಯಾರ ನಿವೃತ್ತಿಯ ನೆಪದಲ್ಲಿ ಹೊರಬರುತ್ತಿದೆಯೋ ಆ ಹಿರಿಯ ಪ್ರಾಧ್ಯಾಪಕಿ ಈ ಯಾವ ಪಂಗಡಕ್ಕೂ ಸೇರಿದವರಲ್ಲ. ಕರಾರು ಕಾನೂನನ್ನು ಅವರಷ್ಟು ತಿಳಿಯಾಗಿ ಕಲಿಸಿದವರು ವಿರಳವೆಂಬುದು ನಿಜವೇ ಆದರೂ, ಅವರ ವಿದ್ಯಾರ್ಥಿಗಳ ಮನಸ್ಸಿನಲ್ಲಿ ಅವರು ನಿಂತಿರುವುದು ವಿದ್ಯಾರ್ಥಿಗಳೇ ಸಂಪಾದಿಸುತ್ತಿದ್ದ ಕಾನೂನು ಪತ್ರಿಕೆಯ ಸಲಹೆಗಾರರಾಗಿ. ಇನ್ನೂ ಸರಿಯಾಗಿ ಹೇಳುವುದಾದರೆ, ಆ ಪತ್ರಿಕೆಯ ಕೋಣೆಯ ಹೊರಗೆ ಬೆಂಚಿನ ಮೇಲೆ ಕುಳಿತವರಾಗಿ. 'ಬಾಗಿಲಾಚೆ ಮೇಡಂ' ಎಂಬುದು ಅವರಿಗೆ ಗೊತ್ತಿಲ್ಲದಂತೆ ಇಟ್ಟ ಹೆಸರು. ಅವರಿಗೆ ಗೊತ್ತಿತ್ತು.

ಆ ಪತ್ರಿಕೆ ಈಗ ಇಲ್ಲ. ಮೇಡಂ ನಿವೃತ್ತರಾಗುವ ಮೊದಲೇ ಅದು ನಿಂತುಹೋಯಿತು. ಸಂಪುಟದ ಸಮಿತಿಯವರು 'ಮೇಡಂ ಮತ್ತು ಪತ್ರಿಕೆ' ಎಂಬ ವಿಷಯವನ್ನು ಹಳೆಯ ವಿದ್ಯಾರ್ಥಿಗಳಾದ ನಮಗೆ ವಹಿಸಿ, ಸ್ವಲ್ಪ ಉತ್ಸಾಹ ತುಂಬಿ ಬರೆಯಬೇಕೆಂದು ಸೂಚಿಸಿದ್ದಾರೆ. ಉತ್ಸಾಹವನ್ನು ಎಲ್ಲಿಂದ ತರುವುದು? ಇದ್ದದ್ದನ್ನು ಇದ್ದ ಹಾಗೆ ಬರೆಯುವುದನ್ನು ಮೇಡಂ ನಮಗೆಲ್ಲ ಕಲಿಸಿದ್ದಾರೆ, ಸಮಿತಿಯವರು ಮನ್ನಿಸಬೇಕು.

ಅವರು ಕಾಲೇಜಿಗೆ ಕಿರಿಯ ಉಪನ್ಯಾಸಕಿಯಾಗಿ ಸೇರಿದಾಗ ಪತ್ರಿಕೆ ಅಂದಿನ ಪ್ರಾಂಶುಪಾಲರ ಅಂಗೈಯಲ್ಲಿತ್ತು. ಪ್ರತಿ ಸಂಚಿಕೆಯ ಮೊದಲ ಲೇಖನ ಅವರದು, ಎರಡನೆಯದು ಅವರ ಬಾವಮೈದುನರದು. ವಿದ್ಯಾರ್ಥಿಗಳ ಪಾಲಿಗೆ ಉಳಿದದ್ದು ಕಟ್ಟುಗಳನ್ನು ಹೊತ್ತು ಅಂಚೆಗೆ ಹಾಕುವ ಕೆಲಸ. ಇಂಥ ಪ್ರಾಂಶುಪಾಲರು ಒಮ್ಮೆ ಯಾವುದೋ ಸಭೆಯಲ್ಲಿ ನಿಷ್ಪಕ್ಷಪಾತದ ಬಗ್ಗೆ ಮಾತನಾಡಿದ ಹುರುಪಿನಲ್ಲಿ, ಇನ್ನು ಮುಂದೆ ಲೇಖಕರ ಹೆಸರು ತೆಗೆದು ವಿದ್ಯಾರ್ಥಿಗಳೇ ಲೇಖನಗಳನ್ನು ಆರಿಸಲಿ ಎಂದು ಆಜ್ಞೆ ಹೊರಡಿಸಿದರು. ವಿದ್ಯಾರ್ಥಿಗಳು ಆಜ್ಞೆಯನ್ನು ಅಕ್ಷರಶಃ ಪಾಲಿಸಿ, ಪ್ರಾಂಶುಪಾಲರ ಲೇಖನವನ್ನೇ 'ಆಧಾರಗಳು ಸಾಲವು' ಎಂಬ ಟಿಪ್ಪಣಿಯೊಂದಿಗೆ ವಾಪಸು ಕಳಿಸಿಬಿಟ್ಟರು. ಕಾಲೇಜಿಗೆ ಕಾಲೇಜೇ ಉಸಿರು ಬಿಗಿಹಿಡಿಯಿತು. ಹುಡುಗರಿಗೆ ಬುದ್ಧಿ ಹೇಳುವಂತೆ ಪ್ರಾಂಶುಪಾಲರು ಮೇಡಂ ಅವರನ್ನು ಕರೆಸಿದರು.

"ಅವರು ಎಲ್ಲಿ ತಪ್ಪಿದ್ದಾರೆ ಅಂತ ತೋರಿಸಿ ಸರ್. ನಾನೇ ಹೋಗಿ ಹೇಳ್ತೀನಿ" ಎಂದರಂತೆ ಮೇಡಂ.

ಪ್ರಾಂಶುಪಾಲರು ತಮ್ಮ ಲೇಖನವನ್ನು ಹಿಂದೆ ಮುಂದೆ ತಿರುವಿದರು. ಆಧಾರಗಳು ಸಾಲುತ್ತಿರಲಿಲ್ಲ. ಹಾಗೆ ಕೇಳಿದ್ದಕ್ಕೆ ಶಿಕ್ಷೆಯಾಗಿ ಮೇಡಂಗೆ ಪತ್ರಿಕೆಯ ಸಲಹೆಗಾರರ ಕೆಲಸ ತಲೆಗೆ ಬಿತ್ತು. ಬಡ್ತಿ ಮಾತ್ರ ಅವರ ನಂತರ ಬಂದವರಿಗೆಲ್ಲ ಆದ ಮೇಲೆ ಅವರತ್ತ ತಿರುಗಿತು. ಅದರ ಬಗ್ಗೆ ಅವರು ಎಂದೂ ತುಟಿ ಪಿಟಕ್ಕೆನ್ನಲಿಲ್ಲ.

ಆ ವರ್ಷವೇ ವಿದ್ಯಾರ್ಥಿಗಳೊಡನೆ ಕುಳಿತು ನಿಯಮಾವಳಿ ಬರೆಸಿದರು. ಲೇಖನ ಆರಿಸುವ ಸಭೆ ನಡೆಯುವಾಗ ಯಾವ ಅಧ್ಯಾಪಕರೂ ಕೋಣೆಯೊಳಗೆ ಇರಕೂಡದು, ಸಲಹೆಗಾರರಿಗೂ ಮತವಿಲ್ಲ ಎಂಬುದು ಅದರ ಜೀವಾಳ. ನಿಯಮ ಬರೆಸಿದ ಕೈಯಿಂದಲೇ ಒಂದು ಬೆಂಚನ್ನು ಮೊಗಸಾಲೆಗೆ ಎಳೆದುಹಾಕಿ, ಸಭೆಯಿದ್ದಾಗಲೆಲ್ಲ ಅದರ ಮೇಲೆ ಕೂರತೊಡಗಿದರು. ಎದುರಿಗೆ ಗೋಡೆ, ಗೋಡೆಯ ಮೇಲೆ ಸುಣ್ಣ ಮೆತ್ತಿದ ಸ್ವಿಚ್ಚುಗಳು, ಪಕ್ಕದಲ್ಲಿ ತೊಟ್ಟಿಕ್ಕುವ ನಲ್ಲಿ. ತೊಡೆಯ ಮೇಲೆ ತಿದ್ದಬೇಕಾದ ಉತ್ತರಪತ್ರಿಕೆಗಳು. ಒಳಗೆ ಜಗಳ ಜೋರಾದಾಗ ಯಾರಾದರೂ ಒಬ್ಬರು ಹೊರಗೆ ಓಡಿಬಂದು, "ಮೇಡಂ, ಇದಕ್ಕೆ ಕಾನೂನು ಏನು ಹೇಳುತ್ತೆ?" ಎಂದು ಕೇಳುವುದು ವಾಡಿಕೆಯಾಗಿತ್ತು.

"ನನ್ನ ಕೇಳ್ಬೇಡ ಕಣಪ್ಪ. ಎಡಗಡೆ ಕಪಾಟು, ಮೇಲಿನ ಸಾಲು. ಓದಿ ಬಂದು ನಂಗೂ ಹೇಳು."

ಇಷ್ಟೇ ಅವರ ಸಲಹೆ. ಗೊತ್ತಿದ್ದೂ ಹೇಳದೆ ಇರುವುದು ಎಷ್ಟು ಕಷ್ಟವೆಂಬುದು ಪಾಠ ಹೇಳಿದವರಿಗೆ ಗೊತ್ತು. ನಾಲಗೆಯ ತುದಿಗೆ ಬಂದ ಉತ್ತರವನ್ನು ನುಂಗಿಕೊಂಡು ಅವರು ಪತ್ರಿಕೆಯನ್ನು ಸಾಕಿದರು.

ಅಡಿಟಿಪ್ಪಣಿಗಳ ಬಗ್ಗೆ ಅವರಿಗೆ ಒಂದು ಹುಚ್ಚೇ ಇತ್ತು. ಲೇಖಕ ತನ್ನ ವಾದಕ್ಕೆ ಪೂರಕವಾದ ತೀರ್ಪನ್ನು ತೋರಿಸುವಾಗ 'ನೋಡಿ' ಎನ್ನುತ್ತಾನೆ; ತನ್ನ ವಾದಕ್ಕೆ ವಿರುದ್ಧವಾದ ತೀರ್ಪನ್ನು ತಾನೇ ಎತ್ತಿ ತೋರಿಸುವಾಗ 'ಆದರೆ ನೋಡಿ' ಎಂದು ಬರೆಯಬೇಕು. ಒಂದಾದರೂ 'ಆದರೆ ನೋಡಿ' ಇಲ್ಲದ ಲೇಖನ ಬರಿಯ ವಕಾಲತ್ತು, ವಿದ್ವತ್ತಲ್ಲ ಎಂಬುದು ಅವರ ತೀರ್ಮಾನ. ಅವರ ಅಣ್ಣ ಊರಿನ ನ್ಯಾಯಾಲಯದಲ್ಲಿ ಬಹುಕಾಲ ವಕೀಲಿಕೆ ಮಾಡಿದವರು, ತಂಗಿಯನ್ನು ರೇಗಿಸುವುದೇ ಅವರ ವಿಶ್ರಾಂತಿ. "ಎದುರಾಳಿಗೆ ನಾನೇ ದಾರಿ ತೋರಿಸ್ಬೇಕೇನೇ? ನಿಮ್ಮ ಪತ್ರಿಕೆ ಓದೋರಾದ್ರೂ ಯಾರು? ಬರೆದೋನು, ತಿದ್ದಿದೋನು, ತಪ್ಪಿದ್ರೆ ಅವರಮ್ಮಂದಿರು!" ಎನ್ನುತ್ತಿದ್ದರು. ಮೇಡಂ ನಗುತ್ತಿದ್ದರು. ಅಣ್ಣನ ಲೆಕ್ಕ ತೀರಾ ತಪ್ಪಾಗಿರಲಿಲ್ಲವೆಂಬುದು ಅವರಿಗೂ ತಿಳಿದಿತ್ತು.

ಅವರ ಕರುಣೆಯ ಪ್ರಸಂಗಗಳನ್ನು ಬೇರೆ ಲೇಖಕರೂ ಬರೆದಿರುತ್ತಾರೆ. ಇಲ್ಲಿ ಒಂದು ಸಾಕು. ಒಂದು ವರ್ಷ ಸಂಚಿಕೆ ಅಚ್ಚಾಗಿ ಬಂದ ಮೇಲೆ ದೊಡ್ಡ ತಪ್ಪೊಂದು ಕಣ್ಣಿಗೆ ಬಿತ್ತು. ಬಾಡಿಗೆದಾರರ ಹಕ್ಕಿನ ಮೇಲಿನ ಲೇಖನದಲ್ಲಿ, ಪೀಠದ ಬಹುಮತವನ್ನು ಒಪ್ಪದ ಒಬ್ಬರೇ ನ್ಯಾಯಾಧೀಶರು ಬರೆದ ಭಿನ್ನ ತೀರ್ಪಿನ ಮಾತನ್ನು ನ್ಯಾಯಾಲಯದ ತೀರ್ಪೇ ಎಂಬಂತೆ ಉದ್ಧರಿಸಲಾಗಿತ್ತು. ಆ ಪುಟವನ್ನು ಪರಿಶೀಲಿಸಿದ್ದವನು ಮಾತಿನಲ್ಲಿ ಉಗ್ಗುವ ಒಬ್ಬ ವಿದ್ಯಾರ್ಥಿ. ಅವನು ಹಾಸ್ಟೆಲ್ ಕೋಣೆಯ ಬಾಗಿಲು ಹಾಕಿಕೊಂಡು ಊಟಕ್ಕೂ ಹೊರಬರಲಿಲ್ಲ. ಮೇಡಂ ಹೋದರು. ಅಲ್ಲಿಯೂ ಬಾಗಿಲಾಚೆಯೇ ಕುರ್ಚಿ ಹಾಕಿಸಿಕೊಂಡು ಕುಳಿತರು.

"ನೀನು ಹಾಗೇ ಬಿಟ್ಟ ಮಾತು ನಂಗೂ ಇಷ್ಟ ಕಣಪ್ಪ. ಆ ನ್ಯಾಯಾಧೀಶರು ಹೇಳಿದ್ದೇ ಸರಿ. ಆದ್ರೆ ಅವರು ಸೋತ್ರು. ಸೋತ್ರು ಅಂತ ನೀನೇ ಬರೆದು ಹಾಕು, ನಿನ್ನ ಹೆಸರು ಹಾಕಿ."

ಮುಂದಿನ ಸಂಚಿಕೆಯ ಮೊದಲ ಪುಟದಲ್ಲಿ ತಿದ್ದುಪಡಿ ಅವನ ಹೆಸರಿನಲ್ಲೇ ಬಂತು. ಅವನು ಈಗ ಒಂದು ವಿಮಾ ಕಂಪನಿಯಲ್ಲಿ ದಾವೆಗಳನ್ನು ನೋಡಿಕೊಳ್ಳುತ್ತಾನೆ. ದೊಡ್ಡ ಮನುಷ್ಯನೇನೂ ಆಗಿಲ್ಲ, ನೆಮ್ಮದಿಯಾಗಿದ್ದಾನೆ.

ಕೊನೆಯ ವರ್ಷಗಳ ಮಾತು ಬರೆಯಲು ಕೈ ಓಡುವುದಿಲ್ಲ. ಮೊದಲು ಬೆರಳೆಣಿಕೆಯಷ್ಟು ಬರುತ್ತಿದ್ದ ಲೇಖನಗಳು ರಾಶಿರಾಶಿಯಾಗಿ ಬರತೊಡಗಿದವು. ಭಾಷೆ ಒಂದೊಂದರದೂ ನುಣುಪು, ಅಡಿಟಿಪ್ಪಣಿಗಳು ಬೇಕಾದಷ್ಟು, ಕೇಳಿದರೆ 'ಆದರೆ ನೋಡಿ' ಕೂಡ ಹೇರಳ. ಆದರೆ ನೋಡಲು ಹೋದರೆ ತೀರ್ಪೇ ಇಲ್ಲ. ಪಕ್ಷಗಾರರ ಹೆಸರಿದೆ, ವರ್ಷವಿದೆ, ಪುಟಸಂಖ್ಯೆಯಿದೆ. ಅಂಥ ಮೊಕದ್ದಮೆ ಮಾತ್ರ ಭೂಮಿಯ ಮೇಲೆ ನಡೆದೇ ಇಲ್ಲ. ಕೃತಕ ಬುದ್ಧಿಯ ಯಂತ್ರಕ್ಕೆ ಹೇಳಿ ಬರೆಸಿ ಕಳಿಸಿದ ಲೇಖನಗಳವು. ಇರುವ ತೀರ್ಪನ್ನು ಹುಡುಕಲು ಹೆಚ್ಚು ಹೊತ್ತು ಬೇಡ. ಒಂದು ತೀರ್ಪು ಎಲ್ಲಿಯೂ ಇಲ್ಲವೆಂದು ಖಚಿತಪಡಿಸಿಕೊಳ್ಳಲು ಇಡೀ ದಿನ ಬೇಕು. ಮಕ್ಕಳು ತರಗತಿ ಬಿಟ್ಟು, ಆಟ ಬಿಟ್ಟು, ಇಲ್ಲದ ತೀರ್ಪುಗಳನ್ನು ಹುಡುಕುತ್ತ ಕುಳಿತರು.

ಕೊನೆಯ ಸಂಪಾದಕಿ ಮೇಡಂಗೆ ಅಚ್ಚುಮೆಚ್ಚಿನವಳು. ಅವಳು ಒಂದು ಮಧ್ಯಾಹ್ನ ಹೊರಗೆ ಬಂದು ಬೆಂಚಿನ ಮೇಲೆ ಅವರ ಪಕ್ಕದಲ್ಲೇ ಕುಸಿದು ಕುಳಿತಳು.

"ಇರೋದನ್ನ ಓದೋಕೇ ಟೈಮಿಲ್ಲ ಮೇಡಂ. ಇಲ್ದೇ ಇರೋದನ್ನ ಹುಡುಕಿ ಹುಡುಕಿ ಒಂದು ವರ್ಷ ಹೋಯ್ತು. ನಾವೇನು ಕಲಿತ್ವಿ, ನೀವೇ ಹೇಳಿ."

ಈ ಪ್ರಶ್ನೆಗೆ ಮೇಡಂ ಬೆರಳು ಮಾಡಿ ತೋರಿಸಬಹುದಾದ ಕಪಾಟು ಇರಲಿಲ್ಲ. ಅವಳ ಬೆನ್ನ ಮೇಲೆ ಕೈಯಿಟ್ಟು ಹಾಗೇ ಕುಳಿತರು. ಅದೇ ಹೊತ್ತಿಗೆ ಆಡಳಿತದವರೂ ಅಧ್ಯಾಪಕರೇ ನಡೆಸುವ ಸಂಶೋಧನಾ ಕೇಂದ್ರ ತೆರೆಯಲು ಕೋಣೆ ಹುಡುಕುತ್ತಿದ್ದರು.

ಪತ್ರಿಕೆಯನ್ನು ಶಾಶ್ವತವಾಗಿ ನಿಲ್ಲಿಸಬೇಕೇ ಎಂಬ ಸಭೆ ಪರೀಕ್ಷೆಗೆ ಸ್ವಲ್ಪ ಮೊದಲು ಸೇರಿತು. ಬಾಗಿಲು ಮುಚ್ಚಿತ್ತು. ಒಳಗೆ ಯಾರೋ ಕೂಗಾಡಿದರು, ಯಾರೋ ಅತ್ತರು. ಮೇಡಂ ಉತ್ತರಪತ್ರಿಕೆಯೊಂದರ ಅದೇ ಪುಟವನ್ನು ಮತ್ತೆ ಮತ್ತೆ ಓದುತ್ತಿದ್ದರು. ಕೊನೆಗೆ ಸಂಪಾದಕಿ ಕೆಂಪಾದ ಕಣ್ಣುಗಳೊಂದಿಗೆ ಹೊರಬಂದು ಒಂದು ಹಾಳೆ ಕೊಟ್ಟಳು.

"ಮುಚ್ಚೋದು ಅಂತಾಯ್ತು ಮೇಡಂ. ನಿಯಮ ಸರಿಯಾಗಿ ಹಾಕಿದ್ದೀವಾ, ಒಂದ್ಸಲ ನೋಡ್ತೀರಾ?"

ಸರಿಯಾಗಿ ಹಾಕಿರಲಿಲ್ಲ. ಒಂದು ಸಂಚಿಕೆಯನ್ನು ಮುಂದೂಡಲು ಇದ್ದ ನಿಯಮವನ್ನು ಹಿಡಿದು, ಹಾಜರಿದ್ದವರ ಬಹುಮತದಿಂದ ಪತ್ರಿಕೆಯನ್ನೇ ಮುಚ್ಚಿದ್ದರು. ಮುಚ್ಚುವುದಕ್ಕೆ ಬೇರೆ ನಿಯಮವಿತ್ತು: ಹಾಜರಿರಲಿ ಬಿಡಲಿ, ಒಟ್ಟು ಸದಸ್ಯರ ಮುಕ್ಕಾಲು ಪಾಲು ಒಪ್ಪಬೇಕು. ಇಬ್ಬರು ಸದಸ್ಯರು ವಕೀಲರ ಕಚೇರಿಗಳಲ್ಲಿ ತರಬೇತಿಗೆಂದು ಪರಊರಿನಲ್ಲಿದ್ದರು. ಒಳಗೆ ಕುಳಿತವರಲ್ಲೂ ಇಬ್ಬರು ವಿರೋಧಿಸಿದ್ದರು. ಮುಕ್ಕಾಲು ಪಾಲು ಆಗಿರಲಿಲ್ಲ, ಠರಾವು ಊರ್ಜಿತವಾಗಿರಲಿಲ್ಲ.

ಇಲ್ಲಿ ಓದುಗರು ಒಂದು ಗಳಿಗೆ ನಿಂತು ಮೇಡಂ ಅವರ ಜಾಗದಲ್ಲಿ ಕೂರಬೇಕು. ಅವರು ಮಾಡಬೇಕಾದದ್ದು ಏನೂ ಇರಲಿಲ್ಲ. ಹಾಳೆಯನ್ನು ಮಡಿಸಿ ಚೀಲದಲ್ಲಿಟ್ಟುಕೊಂಡು, ಪರೀಕ್ಷೆ ಮುಗಿದು ಆ ಮಕ್ಕಳೆಲ್ಲ ಹೊರಟುಹೋದ ಮೇಲೆ, 'ಈ ಠರಾವು ಊರ್ಜಿತವಲ್ಲ, ಮುಂದಿನ ಮಂಡಳಿ ಕೆಲಸ ಶುರುಮಾಡಲಿ' ಎಂದು ಒಂದೇ ಒಂದು ಮಾತು ಹೇಳಿದ್ದರೆ ಪತ್ರಿಕೆ ಬದುಕುತ್ತಿತ್ತು. ಅದು ಸುಳ್ಳೂ ಆಗುತ್ತಿರಲಿಲ್ಲ. ಇಡೀ ವೃತ್ತಿಜೀವನವನ್ನು ಸವೆಸಿದ್ದು ಯಾವುದಕ್ಕೋ ಅದು ಅವರ ತುಟಿಗಳ ನಡುವೆ ಇತ್ತು. ಅವರು ಕನ್ನಡಕ ತೆಗೆದು ಸೆರಗಿನಿಂದ ಒರೆಸಿದರು. ಮತ್ತೆ ಹಾಕಿಕೊಂಡರು.

"ಇದು ಬೇರೆ ನಿಯಮ ಕಣಮ್ಮ. ಮುಚ್ಚೋದರದ್ದು ಕೊನೆಯ ಪುಟದಲ್ಲಿದೆ. ಊರಲ್ಲಿಲ್ಲದವರನ್ನೂ ಕೇಳ್ಬೇಕು."

ಮುಂದಿನ ವಾರ ಮತ್ತೆ ಸಭೆಯಾಯಿತು. ಆ ವಾರವೆಲ್ಲ ಮೇಡಂ ಒಳಗೊಳಗೇ ಆಸೆ ಇಟ್ಟುಕೊಂಡಿದ್ದರು. ಅದನ್ನು ಯಾರಿಗೂ ಹೇಳಲಿಲ್ಲ, ಕಪಾಟಿನ ಹಳೆಯ ಸಂಚಿಕೆಗಳ ಧೂಳು ಒರೆಸಿಟ್ಟರು. ಒಂದು ವಾರ ಯೋಚಿಸಿದರೆ ಮಕ್ಕಳ ಮನಸ್ಸು ಬದಲಾಗಬಹುದು, ದೂರದಿಂದ ಬರುವ ಇಬ್ಬರು ಬೇಡವೆನ್ನಬಹುದು ಎಂದು ಲೆಕ್ಕ ಹಾಕಿದರು. ಇಬ್ಬರೂ ಬಂದರು, ಇಬ್ಬರೂ ಮುಚ್ಚಲು ಕೈಯೆತ್ತಿದರು. ಮೊದಲ ಸಲ ವಿರೋಧಿಸಿ ಅತ್ತಿದ್ದ ಹುಡುಗನೂ ಈ ಸಲ ಕೈಯೆತ್ತಿದ. ನಿಯಮ ಸರಿಯಾಗಿತ್ತು. ಮೇಡಂ ಹಾಳೆಯನ್ನು ಓದಿ, "ಈಗ ಸರಿ ಇದೆ" ಎಂದು ಹಿಂದಿರುಗಿಸಿದರು.

ಸುದ್ದಿ ಕೇಳಿದ ಅಣ್ಣ ರೇಗಿಸಲಿಲ್ಲ, ಸಿಟ್ಟಿಗೆದ್ದರು.

"ಸುಮ್ಮನಿದ್ದಿದ್ರೆ ನಿನ್ನ ಗಂಟೇನು ಹೋಗ್ತಿತ್ತೇ? ನೀನು ವಕೀಲಿಕೆ ಮಾಡಿದ್ರೆ ಕಕ್ಷಿದಾರರೇ ನಿನ್ನ ಅಟ್ಟಿಸಿಕೊಂಡು ಬರ್ತಿದ್ರು."

"ಸುಮ್ಮನಿದ್ದು ಉಳಿಸಿಕೊಂಡಿದ್ರೆ ಅದು ನನ್ನ ಪತ್ರಿಕೆ ಆಗ್ತಿತ್ತು ಅಣ್ಣ. ಮಕ್ಕಳದ್ದು ಆಗ್ತಿರ್ಲಿಲ್ಲ."

"ಈಗ ಯಾರದ್ದೂ ಅಲ್ವಲ್ಲಮ್ಮ."

ಹಾಗೆಂದ ಮೇಲೆ ಅಣ್ಣನೇ ಎದ್ದುಹೋಗಿ ಒಂದು ಲೋಟ ನೀರು ತಂದುಕೊಟ್ಟರು.

ಇಂಥ ಕಡೆ, ತತ್ತ್ವ ಗೆದ್ದಿತು ಎಂದು ಬರೆಯುವುದು ಅಭಿನಂದನ ಸಂಪುಟಗಳ ಸಂಪ್ರದಾಯ. ಹಾಗೆ ಬರೆಯಲು ಮನಸ್ಸು ಒಪ್ಪುವುದಿಲ್ಲ. ಏನೂ ಗೆಲ್ಲಲಿಲ್ಲ. ಮಕ್ಕಳು ತಪ್ಪು ಮಾಡಿದರೆಂದು ಬೈಯಲೂ ಬಾಯಿ ಬರುವುದಿಲ್ಲ, ಅವರ ಜಾಗದಲ್ಲಿ ನಾವಿದ್ದರೂ ಕೈಯೆತ್ತುತ್ತಿದ್ದೆವು. ಕೋಣೆಗೆ ಈಗ ಸಂಶೋಧನಾ ಕೇಂದ್ರದ ಹೊಸ ಫಲಕ ಬಂದಿದೆ, ಒಳಗೆ ಗಾಜಿನ ಮೇಜು ಬಂದಿದೆ. ಗ್ರಂಥಾಲಯದವರು ಜಾಗವಿಲ್ಲವೆಂದದ್ದರಿಂದ ಹಳೆಯ ಸಂಚಿಕೆಗಳ ಕಟ್ಟುಗಳು ಮೆಟ್ಟಿಲ ಕೆಳಗೆ, ಗುಡಿಸುವ ಸಾಮಾನುಗಳ ಪಕ್ಕದಲ್ಲಿವೆ. ಉಳಿದ ಅವಧಿಯನ್ನೂ ಮೇಡಂ ಅದೇ ಮೆಟ್ಟಿಲು ಹತ್ತಿ ಇಳಿದು, ಒಂದೂ ತರಗತಿ ತಪ್ಪಿಸದೆ ಮುಗಿಸಿದರು.

ಇಂಥ ಲೇಖನ ಹಾರೈಕೆಯೊಂದಿಗೆ ಮುಗಿಯಬೇಕು. ನಮ್ಮಲ್ಲಿ ಕೆಲವರು ಕರಡನ್ನು ಹಿಡಿದು ಅವರ ಮನೆಗೆ ಹೋಗಿದ್ದೆವು. 'ಮೇಡಂ ದೀರ್ಘಾಯುಷಿಗಳಾಗಿ ತಮ್ಮ ಕೆಲಸವನ್ನು ಮುಂದುವರಿಸಲಿ' ಎಂಬ ಸಾಲಿನ ಮೇಲೆ ಅವರ ಬೆರಳು ನಿಂತಿತು.

"ಯಾವ ಕೆಲಸ?" ಎಂದು ಕೇಳಿದರು.

ವ್ಯಂಗ್ಯವಿರಲಿಲ್ಲ, ನಿಜವಾಗಿಯೇ ಕೇಳಿದ್ದರು. ನಾವು ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ನಮಗೆ ಕಷ್ಟವಾಗುತ್ತಿದೆಯೆಂದು ತಿಳಿದು, ಅವರೇ ಮೆತ್ತಗೆ ಹೇಳಿದರು: "ಆಯಸ್ಸು ಇರ್ಲಿ ಬಿಡಿ. ಕೆಲಸದ ಮಾತು ತೆಗೆದುಬಿಡಿ."

ತೆಗೆದಿದ್ದೇವೆ. ಮೇಡಂ ದೀರ್ಘಾಯುಷಿಗಳಾಗಲಿ.