ಡಬ್ಬಿಯಣ್ಣನ ಬಾಣಗಳು

ಬಸ್ ಡಿಪೋದಲ್ಲಿ ಅವನನ್ನು ಹೆಸರು ಹಿಡಿದು ಕರೆದವರನ್ನು ನಾನು ಕಂಡಿಲ್ಲ. ಎಲ್ಲರಿಗೂ ಅವನು ಡಬ್ಬಿಯಣ್ಣ. ಬಿಡಿಭಾಗಗಳ ಉಗ್ರಾಣದಲ್ಲಿ ಮುನ್ನೂರಕ್ಕೂ ಹೆಚ್ಚು ಹಳೆಯ ಬಿಸ್ಕತ್ತಿನ ಡಬ್ಬಿಗಳನ್ನೂ ಹಾಲಿನ ಪುಡಿಯ ಡಬ್ಬಿಗಳನ್ನೂ ಸಾಲಾಗಿ ಜೋಡಿಸಿಟ್ಟಿದ್ದ. ನಟ್ಟು, ಬೋಲ್ಟು, ವಾಷರು, ಸ್ಪ್ರಿಂಗು ಎಲ್ಲ ಅವುಗಳಲ್ಲೇ ಇರುತ್ತಿದ್ದವು. ಡಬ್ಬಿಯ ಮೇಲೆ ಚೀಟಿ ಅಂಟಿಸುವ ಅಭ್ಯಾಸ ಅವನಿಗಿರಲಿಲ್ಲ. ಒಳಗೇನಿದೆಯೋ ಅದರದೇ ಒಂದು ತುಣುಕನ್ನು ಮುಚ್ಚಳಕ್ಕೆ ತಂತಿಯಿಂದ ಕಟ್ಟುತ್ತಿದ್ದ.

"ಬರೆದರೆ ಓದೋಕೆ ಬರೋನಿಗೆ ಮಾತ್ರ ಗೊತ್ತಾಗುತ್ತೆ ಮೇಡಂ. ಕಟ್ಟಿದರೆ ಕಣ್ಣಿರೋ ಎಲ್ಲರಿಗೂ ಗೊತ್ತಾಗುತ್ತೆ" ಎಂದು ನನಗೆ ಮೊದಲ ದಿನವೇ ಹೇಳಿದ್ದ.

ಅವನು ಡಿಪೋಗೆ ಬಂದದ್ದು ಫಿಟ್ಟರ್ ಆಗಿ. ಜ್ಯಾಕಿನ ಕೆಳಗೆ ಸಿಕ್ಕು ಬಲಗೈಯ ಎರಡು ಬೆರಳ ತುದಿಗಳು ಹೋದ ಮೇಲೆ ಉಗ್ರಾಣಕ್ಕೆ ಹಾಕಿದರು. ಆಗ ಅವನಿಗೆ ಇಪ್ಪತ್ತಾರು ವರ್ಷ. ಬಸ್ಸಿನ ಸೀಟುಗಳಿಗೆ ಗವಸು ಹೊಲಿಯುತ್ತಿದ್ದ ಹುಡುಗಿ ಒಂದು ಸೂಜಿಗಾಗಿ ಉಗ್ರಾಣದ ಕಿಟಕಿಗೆ ಮೂರು ಸಲ ಬಂದಳಂತೆ. ಮದುವೆಯಾದ ಮೇಲೂ ಅದೇ ಮಾತನ್ನು ಅವನು ಜಂಬದಿಂದ ಹೇಳುತ್ತಿದ್ದ. ಅವಳು ಹೇಳುವುದು ಬೇರೆ: "ಇವರು ಕೊಟ್ಟ ಸೂಜಿಗೆ ಕಣ್ಣೇ ಇರಲಿಲ್ಲ. ಇನ್ನೇನು ಮಾಡಲಿ, ಮೂರು ಸಲ ಹೋದೆ."

ಅವನಿಗೆ ಒಬ್ಬ ಗೆಳೆಯನಿದ್ದ, ಬ್ರೇಕಿನ ಕೆಲಸದ ಮೆಕ್ಯಾನಿಕ್. ಅವನ ಅಡ್ಡಹೆಸರು ಗ್ರೀಸು. ದಿನವೂ ಹತ್ತೂವರೆಗೆ ಉಗ್ರಾಣದ ಕಿಟಕಿಯ ಈಚೆ ಒಬ್ಬ, ಆಚೆ ಒಬ್ಬ ನಿಂತು ಟೀ ಕುಡಿಯುತ್ತಿದ್ದರು. ಒಬ್ಬರನ್ನೊಬ್ಬರು ಬೈಯುವುದು ಬಿಟ್ಟರೆ ಅವರಿಗೆ ಬೇರೆ ಮಾತಿದ್ದಂತೆ ಕಾಣಲಿಲ್ಲ.

ಆ ಉಗ್ರಾಣಕ್ಕೆ ನಾನು ಹೋದದ್ದು ನನ್ನ ತಮ್ಮನಿಂದಾಗಿ. ಡಿಪೋದ ಮ್ಯಾನೇಜರ್ ಅವನೇ. "ಅಕ್ಕ, ಡಬ್ಬಿಯಣ್ಣ ಒಂದು ದಿನ ರಜೆ ಹಾಕಿದರೆ ನನ್ನ ಡಿಪೋನೇ ನಿಂತುಹೋಗುತ್ತೆ. ಯಾವುದರ ಬದಲು ಯಾವುದು ಹಾಕಬಹುದು ಅನ್ನೋದೆಲ್ಲ ಅವನ ತಲೇಲಿದೆ. ಅದನ್ನ ಕಂಪ್ಯೂಟರಿಗೆ ಇಳಿಸಿಕೊಡು" ಎಂದ.

ಎಲ್ಲವೂ ತಲೆಯಲ್ಲಿರಲಿಲ್ಲ. ಅವನ ಬಳಿ ಒಂದು ಉದ್ದನೆಯ ನೋಟ್‌ಬುಕ್ ಇತ್ತು. ಒಂದೊಂದು ಸಾಲಿನಲ್ಲಿ ಒಂದು ನಂಬರು, ಒಂದು ಬಾಣದ ಗುರುತು, ಇನ್ನೊಂದು ನಂಬರು. ಹದಿನಾಲ್ಕು, ಬಾಣ, ಹದಿನೇಳು ಎಂದಿದ್ದರೆ ಹದಿನಾಲ್ಕು ಸಿಗದಿದ್ದಾಗ ಹದಿನೇಳು ಹಾಕಬಹುದು ಎಂದರ್ಥ. ಹದಿನಾಲ್ಕು ಬಸ್ಸಿನ ಬಾಗಿಲು ತೆರೆಯುವ ಗಾಳಿಯ ರಬ್ಬರ್ ಪೈಪು. ಹದಿನೇಳು ಬ್ರೇಕಿಗೆ ಗಾಳಿ ಒಯ್ಯುವ ಪೈಪು. ಎರಡಕ್ಕೂ ಉದ್ದ ಒಂದೇ, ಬಣ್ಣ ಒಂದೇ, ತುದಿಯ ತಿರುಪೂ ಒಂದೇ. ಬ್ರೇಕಿನದು ದಪ್ಪ ಗೋಡೆಯದು. ಬಾಗಿಲಿಗೆ ಬ್ರೇಕಿನ ಪೈಪು ಹಾಕಿದರೆ ಯಾವ ತೊಂದರೆಯೂ ಇಲ್ಲ.

ನನ್ನ ವಿಷಯ ಸಮೀಕರಣಗಳ ತರ್ಕ. ವಿಶ್ವವಿದ್ಯಾಲಯದಲ್ಲಿ ಮೂವತ್ತು ವರ್ಷ ಅದನ್ನೇ ಕಲಿಸಿದೆ. ಅದರ ತಿರುಳು ಶಾಲೆಯ ಮಕ್ಕಳಿಗೂ ಗೊತ್ತಿರುವಂಥದ್ದು: ಎರಡು ವಸ್ತು ಸಮವಾದರೆ ಒಂದರ ಜಾಗದಲ್ಲಿ ಇನ್ನೊಂದನ್ನು ಇಡಬಹುದು. ಈ ಒಂದು ಮಾತಿನ ಮೇಲೆ ನಿಂತ ಪ್ರೋಗ್ರಾಂ ಬರೆಯುವ ಕ್ರಮವೊಂದಿದೆ. ಅದರಲ್ಲಿ ಯಂತ್ರಕ್ಕೆ ಮೊದಲು ಇದನ್ನು ಮಾಡು, ಆಮೇಲೆ ಅದನ್ನು ಮಾಡು ಎಂದು ಅಪ್ಪಣೆ ಕೊಡುವುದಿಲ್ಲ. ಯಾವುದು ಯಾವುದಕ್ಕೆ ಸಮ ಎಂದಷ್ಟೇ ತಿಳಿಸುತ್ತೇವೆ. ಯಂತ್ರ ಒಂದರ ಬದಲು ಇನ್ನೊಂದನ್ನು ಇಡುತ್ತಾ ಹೋಗಿ, ಇನ್ನು ಬದಲಿಸಲು ಏನೂ ಉಳಿಯದಾಗ ನಿಲ್ಲುತ್ತದೆ. ನಿಂತಲ್ಲಿ ಸಿಕ್ಕಿದ್ದೇ ಉತ್ತರ.

ಅವನ ನೋಟ್‌ಬುಕ್ ನೋಡಿ ನನಗೆ ನಗು ಬಂದಿತ್ತು. ಆರುನೂರು ಸಾಲು ಸಮೀಕರಣಗಳನ್ನು ಏಳನೇ ತರಗತಿಯವರೆಗೆ ಓದಿದವನೊಬ್ಬ ತನಗೇ ತಿಳಿಯದೆ ಬರೆದಿಟ್ಟಿದ್ದಾನೆ ಎಂದುಕೊಂಡೆ. ಬಾಣ ಇದ್ದ ಕಡೆಯೆಲ್ಲ ಸಮಚಿಹ್ನೆ ಹಾಕಿ ಪಟ್ಟಿ ಮಾಡಿದೆ. ಉಗ್ರಾಣದಲ್ಲಿ, ತಮ್ಮ ಮತ್ತು ಗುಮಾಸ್ತರ ಎದುರಿಗೇ, ಸಹಿಗಾಗಿ ಅವನ ಮುಂದಿಟ್ಟೆ.

ಅವನು ಪಟ್ಟಿಯ ಮೇಲೆ ಮೊಂಡು ಬೆರಳಾಡಿಸಿ ನಿಧಾನವಾಗಿ ಓದಿದ. "ಮೇಡಂ, ನನ್ನ ಬಾಣ ಎಲ್ಲಿ?"

"ಅದರ ಬದಲು ಎರಡು ಗೆರೆ ಹಾಕಿದೀನಲ್ಲ. ಸಮ ಅಂತ."

"ಬದಲಿ ಅಂದರೆ ಸಮ ಅಲ್ಲ ಮೇಡಂ. ನಾನು ರಜೆ ಹಾಕಿದರೆ ನಮ್ಮ ಗ್ರೀಸು ಬಂದು ಡಬ್ಬಿ ಕೊಡಬಹುದು. ಅವನು ರಜೆ ಹಾಕಿದರೆ ನಾನು ಹೋಗಿ ಬ್ರೇಕು ಕಟ್ಟೋಕಾಗುತ್ತಾ?"

ಕಿಟಕಿಯಾಚೆ ಟೀ ಹಿಡಿದು ನಿಂತಿದ್ದ ಗ್ರೀಸು, "ನೀನು ಕಟ್ಟಿದರೆ ಬಸ್ಸು ಸೀದಾ ಸ್ವರ್ಗಕ್ಕೇ ಕಣೋ!" ಎಂದ. ತಮ್ಮ ನಕ್ಕ, ಇಬ್ಬರು ಗುಮಾಸ್ತರು ನಕ್ಕರು.

ನಾನು ನಗಲಿಲ್ಲ. ಗೋಡೆಯ ಮೇಲಿದ್ದ ಡ್ಯೂಟಿ ಹಲಗೆಯ ಒಂದು ಮೂಲೆಯನ್ನು ಒರೆಸಿ, ಸಮತೆ ಎಂದರೇನು ಎಂದು ಅವನಿಗೆ ಪಾಠ ಮಾಡಿದೆ. ಇದು ಅದಕ್ಕೆ ಸಮವಾದರೆ ಅದು ಇದಕ್ಕೆ ಸಮವಾಗಲೇಬೇಕು ಎಂದು ಬರೆದು, "ಇದನ್ನ ಒಪ್ಪದೆ ಇರೋನು ಎರಡನೇ ತರಗತಿ ಪಾಸಾಗೋಲ್ಲ" ಎಂದೆ. ಮತ್ತೆ ಎಲ್ಲರೂ ನಕ್ಕರು. ಗ್ರೀಸು ಮಾತ್ರ ನಗಲಿಲ್ಲ. ಡಬ್ಬಿಯಣ್ಣ ಹಲಗೆ ನೋಡಿದ, ನನ್ನ ಕನ್ನಡಕ ನೋಡಿದ, ಪೆನ್ನು ತೆಗೆದು ಪುಟಪುಟಕ್ಕೂ ಸಹಿ ಹಾಕಿದ.

ಹಲಗೆಯ ಮೇಲೆ ಬರೆದದ್ದರಲ್ಲಿ ತಪ್ಪಿರಲಿಲ್ಲ. ಅವನ ಬಾಣಕ್ಕೂ ಅದಕ್ಕೂ ಸಂಬಂಧವಿರಲಿಲ್ಲ, ಅಷ್ಟೇ.

ಮುಂದೆ ಮಾಡಿದ್ದು ಅದಕ್ಕಿಂತ ದೊಡ್ಡ ತಪ್ಪು. ಹದಿನಾಲ್ಕರ ಜಾಗದಲ್ಲಿ ಹದಿನೇಳು, ಹದಿನೇಳರ ಜಾಗದಲ್ಲಿ ಹದಿನಾಲ್ಕು ಎಂದು ಎರಡೂ ಕಡೆಗೆ ಬಿಟ್ಟರೆ ಯಂತ್ರ ಗಾಣದೆತ್ತಿನಂತೆ ಸುತ್ತುತ್ತಲೇ ಇರುತ್ತದೆ. ಅದು ನಿಲ್ಲಬೇಕಾದರೆ ಪ್ರತಿ ಸಮೀಕರಣಕ್ಕೂ ಒಂದು ದಿಕ್ಕು ಕೊಡಬೇಕು. ನಾನು ಕೊಟ್ಟೆ. ದೊಡ್ಡ ನಂಬರು ಯಾವಾಗಲೂ ಚಿಕ್ಕ ನಂಬರಿಗೆ ತಿರುಗಲಿ ಎಂದು ಗೊತ್ತುಮಾಡಿದೆ. ಚಿಕ್ಕದಾಗುತ್ತಾ ಹೋಗುವುದು ಎಲ್ಲೋ ಒಂದು ಕಡೆ ನಿಲ್ಲಲೇಬೇಕು. ಯಂತ್ರ ನಿಲ್ಲುತ್ತದೆ ಎಂಬುದರ ರುಜುವಾತು ಅಚ್ಚುಕಟ್ಟಾಗಿತ್ತು. ಅವನಿಂದ ಬಾಣವನ್ನು ಕಿತ್ತುಕೊಂಡು, ಅದನ್ನೇ ತಿರುಗುಮುರುಗಾಗಿ ನೆಟ್ಟಿದ್ದೇನೆ ಎಂಬುದು ನನಗೆ ಹೊಳೆಯಲಿಲ್ಲ. ಅವನನ್ನು ಕೇಳಬೇಕೆಂದೂ ಹೊಳೆಯಲಿಲ್ಲ.

ಏಳು ವಾರ ಎಲ್ಲ ಸರಿಯಾಗಿತ್ತು. ಯಾಕೆಂದರೆ ಕಿಟಕಿಯಲ್ಲಿ ಅವನಿದ್ದ. ಯಂತ್ರ ಮುದ್ರಿಸಿದ ಚೀಟಿ ನೋಡಿ, ಅದು ತಪ್ಪಾಗಿದ್ದರೆ ಮಾತಾಡದೆ ಸರಿಯಾದ ಸಾಮಾನು ಕೊಡುತ್ತಿದ್ದ. ಎಂಟನೆಯ ವಾರ ಹೆಂಡತಿಯ ಕಣ್ಣಿನ ಶಸ್ತ್ರಚಿಕಿತ್ಸೆಗೆಂದು ಎರಡು ದಿನ ರಜೆ ಹಾಕಿದ. ಬದಲಿಗೆ ಕೂತ ಗುಮಾಸ್ತನ ಹತ್ತಿರ ಗ್ರೀಸು ಹದಿನೇಳು ನಂಬರಿನ ಪೈಪು ಕೇಳಿದ. ಹದಿನೇಳು ಇದೆಯೇ ಇಲ್ಲವೇ ಎಂದು ನೋಡದೆ ಯಂತ್ರ ಹದಿನಾಲ್ಕು ಕೊಡು ಎಂದಿತು. ಗುಮಾಸ್ತ ಹದಿನಾಲ್ಕು ಕೊಟ್ಟ.

"ಇದು ಸ್ವಲ್ಪ ತೆಳ್ಳಗಿದ್ದಂಗಿದೆಯಲ್ಲೋ" ಎಂದನಂತೆ ಗ್ರೀಸು.

"ಚೀಟೀಲಿ ಇದೇ ಇದೆ. ಡಬ್ಬಿಯಣ್ಣಂದೇ ಪಟ್ಟಿ" ಎಂದನಂತೆ ಗುಮಾಸ್ತ.

ಡಬ್ಬಿಯಣ್ಣನ ಹೆಸರು ಕೇಳಿದ ಮೇಲೆ ಗ್ರೀಸು ಇನ್ನೊಂದು ಮಾತು ಕೇಳಲಿಲ್ಲ. ಮಧ್ಯಾಹ್ನ ಅಂಗಳದ ಇಳಿಜಾರಿನಲ್ಲಿ ಬ್ರೇಕು ಪರೀಕ್ಷಿಸುವಾಗ ಪೈಪು ಒಡೆಯಿತು. ಬಸ್ಸು ಜಾರಿ, ಮುಂದೆ ನಿಂತಿದ್ದ ಗ್ರೀಸನ್ನು ಗೋಡೆಗೆ ಒತ್ತಿತು. ಅವನ ಎಡಗಾಲು ಮಂಡಿಯಲ್ಲೂ ಅದರ ಕೆಳಗೂ ಮುರಿಯಿತು. ಅದು ಇವತ್ತಿಗೂ ಮಡಚುವುದಿಲ್ಲ. ಆ ಹೊತ್ತಿನಲ್ಲಿ ಉಗ್ರಾಣದ ಮೊಳೆಗೆ ಹದಿನೇಳು ನಂಬರಿನ ಪೈಪುಗಳು ನಾಲ್ಕು ನೇತಾಡುತ್ತಿದ್ದವು.

ಮರುದಿನ ಬೆಳಗ್ಗೆ ನನ್ನ ಮೇಜಿನ ಮುಂದೆ ಕೂತು ಯಂತ್ರ ನಡೆದ ದಾರಿಯನ್ನು ಕಾಗದದ ಮೇಲೆ ಬರೆದೆ. ಮೂರೇ ಹೆಜ್ಜೆ. ಎರಡನೆಯದು ನಾನು ತಿರುಗಿಸಿದ ಬಾಣ. ಅರ್ಥವಾಗಲು ಕಾಲು ಗಂಟೆ ಸಹ ಬೇಕಾಗಲಿಲ್ಲ. ಆ ಹಾಳೆಯನ್ನು ಮಡಚಿ ಡ್ರಾಯರಿನಲ್ಲಿಟ್ಟು ಬೀಗ ಹಾಕಿದೆ.

ವಿಚಾರಣೆಗೆ ಮೂವರು ಅಧಿಕಾರಿಗಳು ಬಂದರು. "ಈ ಎರಡು ಪೈಪು ಒಂದೇ ಅಂತ ಯಂತ್ರಕ್ಕೆ ಹೇಳಿದ್ದು ಯಾರು?" ಎಂದು ನನ್ನನ್ನು ಕೇಳಿದರು.

"ಉಗ್ರಾಣದ ಪಟ್ಟೀಲಿ ಅವು ಒಂದೇ ಸಾಲಲ್ಲಿದ್ದವು. ಪಟ್ಟಿಗೆ ಉಗ್ರಾಣದವರ ಸಹಿ ಇದೆ. ತರ್ಕದಲ್ಲಿ ತಪ್ಪಿಲ್ಲ" ಎಂದೆ.

ಬಿಡಿಬಿಡಿಯಾಗಿ ನೋಡಿದರೆ ಮೂರೂ ವಾಕ್ಯಗಳು ನಿಜ. ಸುಳ್ಳು ಹೇಳಿದ್ದರೆ ಬಹುಶಃ ಇಷ್ಟು ನಾಚಿಕೆಯಾಗುತ್ತಿರಲಿಲ್ಲ. ಸುಳ್ಳುಗಾರರಿಗೆ ಬೇಕಾದ ಧೈರ್ಯವೂ ನನಗಿರಲಿಲ್ಲ.

ಡಬ್ಬಿಯಣ್ಣನನ್ನು ಕೇಳಿದಾಗ, "ಸಹಿ ನಂದೇ" ಎಂದ. ನೋಟ್‌ಬುಕ್ ಅವನ ಕಂಕುಳಲ್ಲೇ ಇತ್ತು. ತೆಗೆಯಲಿಲ್ಲ.

ಯಂತ್ರದ ಪಟ್ಟಿಯನ್ನು ನಿಲ್ಲಿಸಿದರು. ಅವನನ್ನು ಉಗ್ರಾಣದಿಂದ ತೆಗೆದು ಗೇಟಿಗೆ ಹಾಕಿದರು, ಬಂದ ಬಸ್ಸಿನ ನಂಬರು, ಹೋದ ಬಸ್ಸಿನ ನಂಬರು ಬರೆಯುವುದಕ್ಕೆ. ಗೇಟಿನ ಎದುರೇ ನನ್ನ ಬಸ್ ನಿಲ್ದಾಣ. ಅಂದಿನಿಂದ ನಾನು ಹತ್ತು ನಿಮಿಷ ಹೆಚ್ಚು ನಡೆದು ಹಿಂದಿನ ನಿಲ್ದಾಣದಲ್ಲಿ ಬಸ್ಸು ಹತ್ತಲು ಶುರುಮಾಡಿದೆ. ನಡೆಯುವುದು ಮಂಡಿಗೆ ಒಳ್ಳೆಯದೆಂದು ಮನೆಯಲ್ಲಿ ಹೇಳಿದೆ. ಹೀಗೆ ಒಂಬತ್ತು ವರ್ಷ ನಡೆದೆ.

ಕಳೆದ ತಿಂಗಳು ಊಟದ ಮೇಜಿನಲ್ಲಿ ತಮ್ಮ ಹೇಳಿದ: "ಡಬ್ಬಿಯಣ್ಣ ಈ ತಿಂಗಳ ಕೊನೆಗೆ ನಿವೃತ್ತಿ. ಪಾಪ, ಗ್ರೀಸು ಒಂಬತ್ತು ವರ್ಷದಿಂದ ಅವನ ಮುಖ ನೋಡಿಲ್ಲ. ಗೇಟಲ್ಲಿ ಬರುವಾಗಲೂ ಆ ಕಡೆ ತಿರುಗ್ತಾನೆ. ಕಾಲು ಮುರಿದೋನು ಇವನೇ ಅನ್ನೋ ಹಾಗೆ."

ನಾನು ತುತ್ತು ಕೆಳಗಿಟ್ಟೆ. "ಏನಾಯ್ತಕ್ಕ?" ಎಂದ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡವಳ ಹಾಗೆ, "ಏನಿಲ್ಲ" ಎಂದೆ. ಮರುದಿನ ಡ್ರಾಯರು ತೆಗೆದು, ಆ ಹಾಳೆಯ ಜೊತೆ ಡಿಪೋಗೆ ಕೊಡಲೆಂದು ಒಂದು ಪತ್ರ ಬರೆದುಕೊಂಡು ಡಬ್ಬಿಯಣ್ಣನ ಮನೆಗೆ ಹೋದೆ.

ಬಾಗಿಲು ತೆಗೆದದ್ದು ಅವನ ಹೆಂಡತಿ. ದಪ್ಪ ಕನ್ನಡಕದೊಳಗಿಂದ ನನ್ನನ್ನು ಮೇಲಿನಿಂದ ಕೆಳಗೆ ನೋಡಿ, "ರೀ, ನಿಮ್ಮ ಎರಡನೇ ತರಗತಿ ಮೇಡಂ ಬಂದಿದಾರೆ" ಎಂದು ಒಳಕ್ಕೆ ಕೂಗಿದಳು. ಅಂದರೆ ಆ ಮಾತು ಅಂದೇ ಮನೆಗೆ ಹೋಗಿತ್ತು.

ಅವನು ಪತ್ರವನ್ನು ಮೊದಲಿನ ಹಾಗೆಯೇ ಬೆರಳಾಡಿಸಿ ಓದಿದ. "ಪಟ್ಟಿ ತಯಾರಿಕೆಯಲ್ಲಿ ದೋಷ ಉಂಟಾಗಿತ್ತು ಅಂತ ಬರೆದಿದೀರಿ."

"ಹೌದು."

"ಅದೇನು ತಾನಾಗೇ ಉಂಟಾಯ್ತಾ? ಯಾರು ಮಾಡಿದ್ದು ಅಂತ ಇಲ್ಲವಲ್ಲ ಮೇಡಂ."

ಮೂವತ್ತು ವರ್ಷ ವಿದ್ಯಾರ್ಥಿಗಳ ಉತ್ತರಗಳನ್ನು ಹೀಗೆ ತಿದ್ದಿದವಳು ನಾನು. ಪೆನ್ನು ತೆಗೆದು, ನಾನು ಮಾಡಿದೆ ಎಂದು ಬರೆದೆ. ಆಮೇಲೆ ಕೇಳಿದೆ: "ವಿಚಾರಣೇಲಿ ನೋಟ್‌ಬುಕ್ ಯಾಕೆ ತೋರಿಸಲಿಲ್ಲ?"

ಅವನು ಪತ್ರ ಮಡಚಿ ನನ್ನ ಕಡೆ ಸರಿಸಿದ. "ತೋರಿಸಿದ್ದರೆ, ಗೊತ್ತಿದ್ದೂ ಸಹಿ ಯಾಕೆ ಹಾಕಿದೆ ಅಂತ ಕೇಳ್ತಿದ್ದರು. ಏನು ಹೇಳಲಿ? ಎಲ್ಲರ ಮುಂದೆ ದಡ್ಡ ಅನ್ನಿಸಿಕೊಳ್ಳೋಕೆ ನಾಚಿಕೆಯಾಗಿ ಹಾಕಿದೆ ಅನ್ನಲಾ? ಎತ್ತು ಈಯ್ತು ಅಂದರೆ ಕೊಟ್ಟಿಗೇಲಿ ಕಟ್ಟು ಅಂದಂಗಾಯ್ತು ನಂದು. ನನ್ನ ನಾಚಿಕೆಗೆ ಅವನ ಕಾಲು ಹೋಯ್ತು."

"ಈ ಪತ್ರ ಆಫೀಸಿಗೆ ಕೊಡ್ತೀನಿ" ಎಂದೆ.

"ಕೊಡಿ. ಆಫೀಸಿನೋರು ಫೈಲಿಗೆ ಹಾಕ್ತಾರೆ. ಗ್ರೀಸು ಫೈಲು ಓದಲ್ಲ. ಅವನಿಗೆ ಹೇಳಿ. ಬಾಯಲ್ಲಿ."

ನಾನು ಹೆದರಿದ್ದು ಅಲ್ಲಿ. ಬರೆಯುವುದು ನನ್ನ ಕಸುಬು, ಎಷ್ಟು ಬೇಕಾದರೂ ಬರೆದೇನು.

ಮರುದಿನ ಹತ್ತೂವರೆಗೆ ವರ್ಕ್‌ಶಾಪಿಗೆ ಹೋದೆವು. ಗ್ರೀಸು ಸ್ಟೂಲಿನ ಮೇಲೆ ಎಡಗಾಲನ್ನು ಕೋಲಿನಂತೆ ನೀಡಿ ಕೂತು ಬ್ರೇಕಿನ ಬಿಲ್ಲೆ ಉಜ್ಜುತ್ತಿದ್ದ. ಡಬ್ಬಿಯಣ್ಣನನ್ನು ಕಂಡು ಮುಖ ತಿರುಗಿಸಿದ. ಸುತ್ತ ಐದಾರು ಜನರಿದ್ದರು. ಅವರು ಹೋಗಲಿ ಎಂದು ಕಾಯಬಹುದಿತ್ತು. ಅವನಿಗೆ ಪಾಠ ಮಾಡಿದ ದಿನ ನಾನು ಯಾರೂ ಹೋಗಲೆಂದು ಕಾದಿರಲಿಲ್ಲ.

"ಹದಿನೇಳರ ಬದಲು ಹದಿನಾಲ್ಕು ಕೊಡು ಅಂತ ಯಂತ್ರಕ್ಕೆ ಹೇಳಿದ್ದು ನಾನು" ಎಂದೆ. "ಅವತ್ತು ಕಿಟಕಿ ಹತ್ತಿರ ಇವರು ಸಮ ಅಲ್ಲ ಅಂದದ್ದು ಇದಕ್ಕೇ. ನಾನು ಕೇಳಲಿಲ್ಲ. ನಿಮ್ಮ ಕಾಲು ಮುರಿದ ಮರುದಿನವೇ ನನಗೆ ಗೊತ್ತಾಯ್ತು. ವಿಚಾರಣೇಲಿ ಮುಚ್ಚಿಟ್ಟೆ."

ಉಜ್ಜುವ ಸದ್ದು ನಿಂತಿತು. ಗ್ರೀಸು ನನ್ನನ್ನು ನೋಡಲಿಲ್ಲ.

"ಲೋ ಡಬ್ಬಿ, ಇವರು ಹೇಳ್ತಿರೋದು ನಿಜಾನಾ?"

"ಹೂಂ. ಆದರೆ ಸಹಿ ನಂದೇ."

"ಒಂಬತ್ತು ವರ್ಷ ನಿನ್ನ ಬಾಯಲ್ಲೇನು ವಾಷರ್ ಇಟ್ಟುಕೊಂಡಿದ್ದೆಯೇನೋ ಮುಠ್ಠಾಳ?"

"ನೀನು ತಿರುಗಿದ್ದರೆ ತಾನೇ ಹೇಳೋದು."

"ತಿರುಗೋಕೆ ಕಾಲಿತ್ತೇನೋ ನಂಗೆ?"

ಯಾರೋ ನಗಲು ಹೋಗಿ ಕೆಮ್ಮಿದರು. ಗ್ರೀಸು ಪಕ್ಕದ ಪೆಟ್ಟಿಗೆಯನ್ನು ಬಲಗಾಲಿನಿಂದ ಎಳೆದು, ಎಣ್ಣೆ ಬಟ್ಟೆಯಿಂದ ಒರೆಸಿ, "ಕೂತ್ಕೋ" ಎಂದ. ಡಬ್ಬಿಯಣ್ಣ ಕೂತ. ಟೀ ಬಂತು, ಎರಡು ಲೋಟ. ನನಗೆ ಕೂತುಕೊಳ್ಳಿ ಎಂದು ಯಾರೂ ಹೇಳಲಿಲ್ಲ. ಹೇಳಬೇಕಾಗಿಯೂ ಇರಲಿಲ್ಲ. ಸ್ವಲ್ಪ ಹೊತ್ತು ಅಲ್ಲೇ ನಿಂತಿದ್ದು, ಆಫೀಸಿಗೆ ಹೋಗಿ ಪತ್ರ ಕೊಟ್ಟೆ. "ಇದರಿಂದ ನನ್ನ ಹೆಸರೂ ಹಾಳಾಗುತ್ತಲ್ಲಕ್ಕ" ಎಂದ ತಮ್ಮ. "ಆಗುತ್ತೆ" ಎಂದು ದಿನಾಂಕ ಹಾಕಿಸಿಕೊಂಡೆ.

ತಿಂಗಳ ಕೊನೆಗೆ ಡಬ್ಬಿಯಣ್ಣ ನಿವೃತ್ತನಾದ. ಆರುನೂರು ಸಾಲುಗಳನ್ನೂ ಬಾಣಗಳ ಸಮೇತ ಮತ್ತೆ ಬರೆಯುವ ಕೆಲಸ ಈಗ ನಡೆದಿದೆ. ವಾರಕ್ಕೆರಡು ದಿನ ಅವನ ಮನೆಗೆ ಹೋಗುತ್ತೇನೆ. ಅವನು ನೋಟ್‌ಬುಕ್ ನೋಡಿ ಹೇಳುತ್ತಾನೆ, ನಾನು ಬರೆಯುತ್ತೇನೆ. ಪ್ರತಿ ಸಾಲಿಗೂ, "ಯಾವ ಕಡೆಗೆ?" ಎಂದು ಕೇಳುತ್ತೇನೆ. ಅವನು ಬೆರಳಿನಿಂದ ತೋರಿಸುತ್ತಾನೆ. ಇನ್ನೂರ ಹನ್ನೊಂದನೆಯ ಸಾಲಿನವರೆಗೆ ಬಂದಿದ್ದೇವೆ. ಹೋಗುವಾಗ ಡಿಪೋದ ಗೇಟಿನ ಎದುರಿನ ನಿಲ್ದಾಣದಲ್ಲೇ ಬಸ್ಸು ಹತ್ತುತ್ತೇನೆ. ಗೇಟಿನಲ್ಲಿ ಈಗ ಬೇರೆ ಯಾರೋ ಕೂತಿರಬೇಕು. ಆದರೂ ಆ ಕಡೆ ನೋಡುವುದು ನನಗಿನ್ನೂ ಆಗಿಲ್ಲ.